ಒಂದೇ ಎಲೆಯಿಂದ ಆಫ್ರಿಕನ್ ವಯೊಲೆಟ್ ಸಸಿ ಮಾಡುವ ಬಗೆ

ಟಾಂಜಾನಿಯಾದ ಉಸಂಬರಾ ಬೆಟ್ಟಗಳ ಕಾಡಿನಲ್ಲಿ, ಮರಗಳ ನೆರಳಲ್ಲಿ, ಪಾಚಿಗಟ್ಟಿದ ಬಂಡೆಗಳ ಸಂದಿನಲ್ಲಿ ಬೆಳೆಯುವ ಗಿಡವಿದು. 1893ರಲ್ಲಿ ಇಟ್ಟ ಸೇಂಟ್‌ಪೌಲಿಯಾ ಎಂಬ ಹೆಸರೇ ಇಂದಿಗೂ ಬಳಕೆಯಲ್ಲಿದೆ, ಸಸ್ಯಶಾಸ್ತ್ರಜ್ಞರು ಮಾತ್ರ ಈಗ ಅದನ್ನು ಸ್ಟ್ರೆಪ್ಟೊಕಾರ್ಪಸ್ ಕುಲಕ್ಕೆ ಸೇರಿಸಿದ್ದಾರೆ. ಬಂಡೆಯ ಮೇಲಿನ ತೆಳು ಮಣ್ಣಿನಲ್ಲಿ ನೀರು ನಿಲ್ಲುವುದಿಲ್ಲ. ಕುಂಡದಲ್ಲಿ ಈ ಗಿಡ ಸಾಯುವುದು ಬಹುಪಾಲು ನೀರು ನಿಂತೇ.

ಎಲೆ ಆರಿಸುವಾಗ ತೀರಾ ಹೊರಗಿನ ಮುದಿ ಎಲೆಯೂ ಬೇಡ, ನಡುವಿನ ಎಳೆಯದೂ ಬೇಡ. ಹೊರಗಿನಿಂದ ಎರಡನೇ ಅಥವಾ ಮೂರನೇ ಸುತ್ತಿನದು ಸರಿ. ತೊಟ್ಟನ್ನು 3 ಸೆಂ.ಮೀ. ಉಳಿಸಿ, ಹೊಸ ಬ್ಲೇಡಿನಿಂದ 45 ಡಿಗ್ರಿ ಓರೆಯಾಗಿ ಕತ್ತರಿಸಿ. ಕತ್ತರಿಸಿದ ಮುಖ ಎಲೆಯ ಮೇಲ್ಭಾಗದ ಕಡೆಗಿರಲಿ, ಮರಿಗಿಡಗಳು ಅಲ್ಲಿಂದಲೇ ಸುಲಭವಾಗಿ ಮೇಲೇಳುತ್ತವೆ. ಕತ್ತರಿ ಬಳಸಬೇಡಿ, ತೊಟ್ಟು ಜಜ್ಜಿದರೆ ಕೊಳೆತ ಅಲ್ಲಿಂದಲೇ ಶುರು.

ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಪರ್ಲೈಟ್ (ಹಗುರವಾದ ಬಿಳಿ ಖನಿಜದ ಹರಳು) ಸಮಪಾಲು ಬೆರೆಸಿ ನೆನೆಸಿ. ಮುಷ್ಟಿಯಲ್ಲಿ ಹಿಂಡಿದರೆ ಒಂದೆರಡು ಹನಿ ಮಾತ್ರ ಬೀಳಬೇಕು. ತೊಟ್ಟನ್ನು 1.5 ಸೆಂ.ಮೀ. ಆಳಕ್ಕೆ ಊರಿ, ಎಲೆ ಮಿಶ್ರಣಕ್ಕೆ ತಾಗದಂತೆ ನಿಲ್ಲಿಸಿ. ಮೇಲೆ ಪಾರದರ್ಶಕ ಪ್ಲಾಸ್ಟಿಕ್ ಚೀಲ ಮುಚ್ಚಿ, ನೇರ ಬಿಸಿಲು ಬೀಳದ ಬೆಳಕಿನ ಜಾಗದಲ್ಲಿ, 20ರಿಂದ 25 ಡಿಗ್ರಿ ಸೆಲ್ಸಿಯಸ್‌ನಲ್ಲಿಡಿ. ಚೀಲದೊಳಗೆ ನೀರು ಧಾರೆಯಾಗಿ ಇಳಿಯುತ್ತಿದ್ದರೆ ಸ್ವಲ್ಪ ಹೊತ್ತು ತೆರೆದಿಡಿ.

ಮೂರು-ನಾಲ್ಕು ವಾರಕ್ಕೆ ಬೇರು, ಎರಡು-ಮೂರು ತಿಂಗಳಿಗೆ ಮರಿಗಳು. ಬೇರು ಬಂತೇ ಎಂದು ಎಳೆದು ನೋಡುವ ಚಟ ಬೇಡ. ಎಲೆ ಹಸಿರಾಗಿದ್ದೂ ಮರಿ ಬರದಿದ್ದರೆ ಅದರ ತುದಿಯ ಮೂರನೇ ಒಂದು ಭಾಗ ಕತ್ತರಿಸಿ. ತೊಟ್ಟು ಮೆತ್ತಗಾಗಿ ಕಂದಿದರೆ ಮಿಶ್ರಣ ಅತಿ ಒದ್ದೆ. ಗಟ್ಟಿ ಭಾಗ ಉಳಿದಿದ್ದರೆ ಅಲ್ಲಿಗೆ ಕತ್ತರಿಸಿ ಹೊಸ ಮಿಶ್ರಣದಲ್ಲಿ ಮತ್ತೆ ಊರಿ.

ಮರಿಯ ಎಲೆಗಳು ನಾಣ್ಯದಷ್ಟಾದಾಗ ಒಂದೊಂದನ್ನೂ ಬೇರುಸಮೇತ ಬಿಡಿಸಿ 5-6 ಸೆಂ.ಮೀ. ಕುಂಡಕ್ಕೆ ಹಾಕಿ. ದೊಡ್ಡ ಕುಂಡ ಹಾಕಿದರೆ ಮಣ್ಣು ಬೇಗ ಒಣಗದೆ ಬೇರು ಕೊಳೆಯುತ್ತದೆ. ಮೇಲ್ಮಣ್ಣು ಒಣಗಿದ ಮೇಲೆ ಉಗುರುಬೆಚ್ಚಗಿನ ನೀರಿನ ತಟ್ಟೆಯಲ್ಲಿ 20 ನಿಮಿಷ ಕುಂಡವನ್ನು ಇಟ್ಟು, ಉಳಿದದ್ದನ್ನು ಚೆಲ್ಲಿ. ತಣ್ಣೀರು ಎಲೆಗೆ ತಾಗಿದರೆ ಬಿಳಚಿದ ಉಂಗುರದಂಥ ಕಲೆ ಬೀಳುತ್ತದೆ, ಅದು ಮತ್ತೆ ಹೋಗದು.

ಇನ್ನೊಂದು ವಿಷಯ: ಹೂದಳದ ನಡುವೆ ಚಕ್ರದ ಅರಗಳಂತೆ ಪಟ್ಟೆಯಿರುವ ಕೈಮೀರಾ (ಒಂದೇ ಗಿಡದಲ್ಲಿ ಎರಡು ಬಗೆಯ ಜೀವಕೋಶಗಳಿರುವ) ತಳಿಗಳು ಎಲೆಯಿಂದ ಸಾಮಾನ್ಯವಾಗಿ ಅದೇ ಹೂ ಕೊಡುವುದಿಲ್ಲ. ಅವಕ್ಕೆ ಬುಡದಲ್ಲಿ ಮೂಡುವ ಕಂದುಗಳನ್ನೇ ಬಿಡಿಸಿ ನೆಡಬೇಕು.