ಡಿಯೋ ಸ್ಟಿಕ್ಕಿನ ಚಕ್ರ ಸುಮ್ನೆ ತಿರುಗ್ತಿದ್ಯಾ? ಗಮ್ ಪಕ್ಕಕ್ಕಿಡಿ, ನಟ್ಟು ಬೋಲ್ಟು ತನ್ನಿ

ಸ್ಟಿಕ್ ಡಿಯೋಡರೆಂಟ್ ಬುಡದಲ್ಲಿರೋ ಚಕ್ರ ತಿರುಗಿಸುವಾಗ ಒಳಗಿಂದ ‘ಟಕ್’ ಅಂತ ಸದ್ದು ಬಂತು ಅಂದ್ರೆ ಅಲ್ಲಿಗೇ ಕೈ ನಿಲ್ಲಿಸ್ಬೇಕು. ಯಾರೂ ನಿಲ್ಲಿಸಲ್ಲ. ಇನ್ನೂ ಎರಡು ಸಲ ಜೋರಾಗಿ ತಿರುಗಿಸ್ತಾರೆ, ಆಮೇಲೆ ಉಲ್ಟಾ ತಿರುಗಿಸ್ತಾರೆ, ಆಮೇಲೆ ವಾಶ್‌ಬೇಸಿನ್ ಅಂಚಿಗೆ ಕುಟ್ತಾರೆ, ಅಷ್ಟೊತ್ತಿಗೆ ಐದು ನಿಮಿಷದಲ್ಲಿ ಸರಿ ಹೋಗ್ಬೇಕಿದ್ದ ಡಬ್ಬಿ ಭಾನುವಾರ ಇಡೀ ಸಂಜೆ ತಿನ್ನೋ ಕೆಲಸ ಆಗಿರುತ್ತೆ.

ನಮ್ಮ ಕಡೆ ಸ್ಪ್ರೇ, ರೋಲ್ ಆನ್ ಬಳಸೋರೇ ಜಾಸ್ತಿ. ನಮ್ಮನೆಗೆ ಸ್ಟಿಕ್ ಬರೋದು ಅಮೆರಿಕದ ಸೂಟ್‌ಕೇಸಲ್ಲಿ. ಅಕ್ಕ ಡಲ್ಲಾಸಿಂದ ಬಂದಾಗ ಬಾದಾಮಿ, ಚಾಕ್ಲೇಟು, ಅಮ್ಮನ ವಿಟಮಿನ್ ಮಾತ್ರೆ ಜೊತೆಗೆ ಐದೈದರ ಪ್ಯಾಕ್ ತಂದು ಮನೆಯವರಿಗೆಲ್ಲ ಒಂದೊಂದು ಹಂಚ್ತಾಳೆ, ಹಂಗಾಗಿ ಒಂದು ಮುರಿದ್ರೆ ಮೂಲೆ ಅಂಗಡಿಗೆ ಹೋಗಿ ಅದನ್ನೇ ಕೊಡಿ ಅನ್ನೋಕಾಗಲ್ಲ. ಹೋದ ವರ್ಷ ದೊಡ್ಡಪ್ಪ ತಮ್ಮ ಪಾಲಿನ ಸ್ಟಿಕ್ಕನ್ನ ಬ್ರೆಡ್ಡಿಗೆ ಬೆಣ್ಣೆ ಸವರೋ ಚಾಕೂಲಿ ಕೆರೆದು ಕೆರೆದು ಹಚ್ಕೋತಿದ್ರು, ಕೇಳಿದ್ರೆ “ಚೆನ್ನಾಗೇ ಹತ್ಕೊಳ್ತದೆ ಕಣೋ” ಅಂದ್ರು. ಇನ್ನೊಬ್ಬ ಗೆಳೆಯ ಇದ್ದಾನೆ, ಕ್ವಿಕ್ ಗಮ್ ಸುರಿದು ಚಕ್ರ, ಮುಚ್ಚಳ, ತನ್ನ ಹೆಬ್ಬೆರಳು ಮೂರನ್ನೂ ಒಂದು ಮಾಡಿಟ್ಟಿದ್ದ. ಅವತ್ತೇ ಇದನ್ನ ಬರೀಬೇಕು ಅನ್ಕೊಂಡೆ.

ಮೊದಲು ಒಳಗೇನಿದೆ ಅಂತ ನೋಡಿ. ಚಕ್ರದ ಮಧ್ಯದಿಂದ ಮೇಲಕ್ಕೆ ಒಂದು ಪ್ಲಾಸ್ಟಿಕ್ ಸ್ಕ್ರೂ ಕಡ್ಡಿ ನಿಂತಿರುತ್ತೆ, ಚಕ್ರ ಮತ್ತು ಕಡ್ಡಿ ಸಾಮಾನ್ಯವಾಗಿ ಒಂದೇ ಪೀಸು. ಆ ಕಡ್ಡಿಗೆ ಒಂದು ತಟ್ಟೆ ಹಾಕಿರ್ತಾರೆ, ತಟ್ಟೆಯ ನಡುವೆ ಮರೆ (ಸ್ಕ್ರೂ ಮೈಮೇಲೆ ಸುತ್ತಿರೋ ಗೆರೆ, ಅಂದ್ರೆ ಥ್ರೆಡ್) ಇರೋ ತೂತು, ಡಿಯೋ ಕೂತಿರೋದು ತಟ್ಟೆ ಮೇಲೆ. ಡಬ್ಬಿ ಮೊಟ್ಟೆ ಆಕಾರದಲ್ಲಿರೋದ್ರಿಂದ ತಟ್ಟೆ ತಿರುಗೋಕಾಗಲ್ಲ, ಕಡ್ಡಿ ಮಾತ್ರ ತಿರುಗುತ್ತೆ, ಹಂಗಾಗಿ ತಟ್ಟೆಗೆ ಮೇಲೆ ಹತ್ತದೆ ಬೇರೆ ದಾರಿ ಇಲ್ಲ. ದುಂಡು ಡಬ್ಬಿ ಆದ್ರೆ ಒಳಗೋಡೇಲಿ ಉದ್ದಕ್ಕೆ ಗೆರೆ ಏಣು ಕೊಟ್ಟಿರ್ತಾರೆ, ಕೆಲಸ ಅದೇ. ಮಕ್ಕಳ ಗ್ಲೂ ಸ್ಟಿಕ್ಕಲ್ಲೂ ಇದೇ ಉಪಾಯ, ಜರ್ಮನಿಯ ಹೆಂಕೆಲ್ ಕಂಪನಿ 1969ರಲ್ಲಿ ಲಿಪ್‌ಸ್ಟಿಕ್ ನೋಡ್ಕೊಂಡೇ ಅದನ್ನ ಮಾಡಿದ್ದು, ಆದ್ರಿಂದ ಮನೇಲಿ ಖಾಲಿ ಗ್ಲೂ ಸ್ಟಿಕ್ ಬಿದ್ದಿದ್ರೆ ಮೊದಲು ಅದನ್ನ ಬಿಚ್ಚಿ ಕೈ ಪಳಗಿಸ್ಕೊಳ್ಳಿ, ಹಾಳಾದ್ರೂ ಯಾರೂ ಅಳಲ್ಲ.

ಹಂತ 1, ಏನು ಕೆಟ್ಟಿದೆ ಅಂತ ಕಂಡ್ಕೊಳ್ಳೋದು. ಚಕ್ರ ಅಲ್ಲಾಡೋದೇ ಇಲ್ಲ ಅಂದ್ರೆ ಏನೂ ಮುರಿದಿಲ್ಲ, ಡಿಯೋ ಒಣಗಿ ಮರೆಯೊಳಗೆ ಕೂತಿದೆ ಅಥವಾ ಮೇ ತಿಂಗಳ ಬಿಸಿಲಲ್ಲಿ ಕಾರೊಳಗೆ ಬಿಟ್ಟು ಕರಗಿ ಮತ್ತೆ ಗಟ್ಟಿಯಾಗಿ ತಟ್ಟೇನ ಗೋಡೆಗೆ ಅಂಟಿಸಿದೆ. ಡಬ್ಬಿಯ ಕೆಳಭಾಗವನ್ನ ಬಿಸಿನೀರಲ್ಲಿ ಹತ್ತು ನಿಮಿಷ ಇಟ್ಟು ಮೆತ್ತಗೆ ಆಚೆ ಈಚೆ ತಿರುಗಿಸಿ, ಬಿಡ್ಕೊಳ್ಳುತ್ತೆ, ನಿಮ್ಮ ಕೆಲಸ ಮುಗೀತು. ಚಕ್ರ ಗಟ್ಟಿಯಾಗೇ ತಿರುಗ್ತಿದೆ, ಸ್ಟಿಕ್ ಮೇಲೆ ಬರ್ತಿದೆ, ಆದ್ರೆ ವಾಪಸ್ ಇಳೀತಿಲ್ಲ ಅಂದ್ರೆ ಸ್ಟಿಕ್ ತಟ್ಟೆಯಿಂದ ಬಿಟ್ಕೊಂಡಿದೆ ಅಷ್ಟೆ, ಬೆರಳಲ್ಲಿ ಒತ್ತಿ ಕೂರಿಸಿ. ಚಕ್ರ ಬುಡದಿಂದ ಈಚೆ ಬಂದು ಕೈಗೆ ಬಂತು, ಕಡ್ಡಿ ಸಮೇತ ಬಂತು ಅಂದ್ರೆ ಒತ್ತಿ ಮತ್ತೆ ಕಚ್ಚಿಸಬಹುದು, ‘ಕ್ಲಿಕ್’ ಅನ್ನಬೇಕು. ಚಕ್ರ ಗಾಳೀಲಿ ತಿರುಗಿದ ಹಂಗೆ ಹಗುರವಾಗಿ ತಿರುಗ್ತಿದೆ ಅಂದ್ರೆ ಒಂದೋ ಕಡ್ಡಿ ತುಂಡಾಗಿದೆ, ಇಲ್ಲಾ ತಟ್ಟೆಯ ಮರೆ ಸವೆದು ಹೋಗಿದೆ. ಮುಂದಿನ ಪುರಾಣವೆಲ್ಲ ಈ ಕೊನೆಯವರಿಗೆ.

(ಮರೆ ಸ್ವಲ್ಪವೇ ಸವೆದಿದ್ರೆ ಪ್ಲಂಬರ್‌ಗಳು ನಲ್ಲಿಗೆ ಸುತ್ತೋ ಬಿಳಿ ಟೆಫ್ಲಾನ್ ಟೇಪನ್ನ ಕಡ್ಡಿಗೆ ಎರಡು ಸುತ್ತು ಸುತ್ತಿ ಹಾಕಿದ್ರೆ ಒಂದೆರಡು ವಾರ ನಡೆಯುತ್ತೆ. ಟ್ರಿಪ್ಪಿಗೆ ಹೊರಟಿದ್ದೀರಾ ಅಂದ್ರೆ ಅಷ್ಟು ಮಾಡಿ ಹೊರಡಿ.)

ಹಂತ 2, ಸ್ಟಿಕ್ ಹೊರಗೆ ತೆಗೆಯೋದು. ಡಬ್ಬೀನ ಅರ್ಧ ಗಂಟೆ ಫ್ರಿಜ್ಜಲ್ಲಿಡಿ, ಬುಡದಿಂದ ಒತ್ತಿ. ತುಂಡು ತುಂಡಾಗಿ ಬಂದ್ರೂ ಚಿಂತೆ ಇಲ್ಲ, ಒಂದು ಬಟ್ಟಲಿಗೆ ಹಾಕಿಟ್ಕೊಳ್ಳಿ. ಡಬ್ಬಿ, ತಟ್ಟೆ, ಚಕ್ರ ಮೂರನ್ನೂ ಬಿಸಿನೀರು, ಪಾತ್ರೆ ಸೋಪು, ಹಳೇ ಟೂತ್‌ಬ್ರಷ್ ಹಾಕಿ ತೊಳೆದು ಒಣಗಿಸಿ.

ಈಗ ಗಮ್ ವಿಚಾರ. ಡಬ್ಬಿ ತಳ ನೋಡಿ, ತ್ರಿಕೋನದೊಳಗೆ 5 ಅಂತ ಇದ್ರೆ ಅದು ಪಾಲಿಪ್ರೊಪಿಲೀನ್. ಈ ಪ್ಲಾಸ್ಟಿಕ್ಕಿನ ಮೈ ಹೆಂಗೆ ಅಂದ್ರೆ ಮಾಮೂಲಿ ಅಂಟು ಯಾವುದೂ ಅದರ ಮೇಲೆ ಹರಡ್ಕೊಂಡು ಹಿಡಿಯಲ್ಲ, ಕೆಸುವಿನ ಎಲೆ ಮೇಲಿನ ನೀರು. ಕ್ವಿಕ್ ಗಮ್ ಹಾಕಿದ್ರೆ ಒಣಗಿದ ಹಂಗೆ ಕಾಣುತ್ತೆ, ಮಾರನೇ ದಿನ ಚಕ್ರ ಒಂದು ಸಲ ತಿರುಗಿಸಿದ್ರೆ ಪದರ ಪದರವಾಗಿ ಎದ್ದು ಬರುತ್ತೆ. ನೀರಿನ ಪೈಪಿಗೆ ಮೆತ್ತೋ ಎರಡು ಬಣ್ಣದ ಪುಟ್ಟಿಯೂ ಅಷ್ಟೆ. ‘ಎಲ್ಲಾ ಪ್ಲಾಸ್ಟಿಕ್ಕಿಗೂ’ ಅಂತ ಬರೆದಿರೋ ಒಂದು ಟ್ಯೂಬಿಗೆ ನಾನೂ ದುಡ್ಡು ಕೊಟ್ಟು ನೋಡಿದ್ದೀನಿ, ಹಿಂದುಗಡೆ ಇರುವೆ ಸೈಜಿನ ಅಕ್ಷರದಲ್ಲಿ ಪಾಲಿಪ್ರೊಪಿಲೀನ್ ಬಿಟ್ಟು ಅಂತ ಇತ್ತು.

ಹಂತ 3, ಇದೇ ನಿಜವಾದ ರಿಪೇರಿ. ಅದೇ ಬ್ರ್ಯಾಂಡಿನ, ಅದೇ ಸೈಜಿನ ಖಾಲಿ ಡಬ್ಬಿ ಮನೇಲಿದ್ರೆ ಅದರ ಚಕ್ರ ಮತ್ತು ತಟ್ಟೆ ಕಿತ್ತು ಇದಕ್ಕೆ ಹಾಕಿ, ಸೀದಾ ಹಂತ 4ಕ್ಕೆ ಹೋಗಿ. ಅದಕ್ಕೇ ನಾನು ಖಾಲಿಯಾದ ಎರಡು ಡಬ್ಬಿ ಎಸೀದೆ ಇಟ್ಕೊಂಡಿರ್ತೀನಿ, ಮನೆಯವರ ಬೈಗುಳ ಬೇರೆ ವಿಷಯ. ಇಲ್ಲ ಅಂದ್ರೆ ಹಾರ್ಡ್‌ವೇರ್ ಅಂಗಡಿಗೆ ನಡೀರಿ: 5 ಎಂಎಂ ದಪ್ಪದ, 75 ಎಂಎಂ ಉದ್ದದ, ಆರು ಮೂಲೆ ತಲೆಯ ಬೋಲ್ಟು ಒಂದು, ನಟ್ಟು ಎರಡು, ಅಗಲ ವಾಷರ್ ಒಂದು. ಎರಡು ಮಾತು ಬಾಯಿ ಬಿಟ್ಟು ಕೇಳಿ. ಒಂದು, ‘ಫುಲ್ ಥ್ರೆಡ್’ ಕೊಡಿ ಅನ್ನಿ, ಇಲ್ದಿದ್ರೆ ಅರ್ಧ ಮರೆ ಅರ್ಧ ನುಣ್ಣಗಿರೋದನ್ನ ಕೊಟ್ಟು ಕಳಿಸ್ತಾರೆ, ತಟ್ಟೆ ಅರ್ಧ ದಾರೀಲಿ ನಿಂತುಬಿಡುತ್ತೆ. ಇನ್ನೊಂದು, ಎಸ್‌ಎಸ್ (ಸ್ಟೇನ್‌ಲೆಸ್ ಸ್ಟೀಲ್) ಬೇಕು ಅನ್ನಿ. ಬೆವರು ನಿಲ್ಲಿಸೋ ಸ್ಟಿಕ್ಕಲ್ಲಿರೋ ಅಲ್ಯೂಮಿನಿಯಂ ಲವಣ ಹುಳಿ ಗುಣದ್ದು, ಮಾಮೂಲಿ ಕಬ್ಬಿಣದ ಬೋಲ್ಟು ಹಾಕಿದ್ರೆ ತುಕ್ಕು ಹಿಡಿದು ಬಿಳೀ ಬನಿಯನ್ ಕಂಕುಳಲ್ಲಿ ಕಂದು ಬಣ್ಣ ಕೂರುತ್ತೆ. ನನ್ನ ಮೊದಲ ರಿಪೇರೀಲಿ ಎರಡು ಬನಿಯನ್ ಹಿಂಗೇ ಹೋದ್ವು.

ಬೋಲ್ಟನ್ನ ಡಬ್ಬಿ ಪಕ್ಕ ಹಿಡಿದು ನೋಡಿ, ಅದರ ತುದಿ ಡಬ್ಬಿ ಬಾಯಿಗಿಂತ ಒಂದು ಸೆಂಟಿಮೀಟರ್ ಆದ್ರೂ ಕೆಳಗಿರ್ಬೇಕು, ಉದ್ದ ಆದ್ರೆ ಹ್ಯಾಕ್‌ಸಾದಲ್ಲಿ ಕತ್ತರಿಸಿ ತುದಿ ಉಜ್ಜಿ.

ಚಕ್ರದಿಂದ ಶುರು ಮಾಡಿ. ಉಳಿದಿರೋ ಕಡ್ಡಿ ಮೋಟನ್ನ ಕೊಯ್ದು ಹಾಕಿ, ನಡುವೆ ಕಾಯಿಸಿದ ಮೊಳೆಯಲ್ಲಿ ಬೋಲ್ಟು ತೂರೋ ಅಷ್ಟೇ ತೂತು ಮಾಡಿ. ಬೋಲ್ಟನ್ನ ಕೆಳಗಿನಿಂದ ತೂರಿಸಿ, ತಲೆ ಚಕ್ರದ ತಳಕ್ಕೆ ತಾಗ್ಬೇಕು. ಕಾದ ಸೋಲ್ಡರಿಂಗ್ ಐರನ್ ಬೋಲ್ಟಿನ ತಲೆ ಮೇಲಿಟ್ಟು ಮೆತ್ತಗೆ ಒತ್ತಿ, ಕೆಳಗಿನ ಪ್ಲಾಸ್ಟಿಕ್ ಕರಗಿ ತಲೆ ಒಳಗೆ ಇಳಿಯುತ್ತೆ, ಆರೂ ಮೂಲೆ ಅಚ್ಚು ಹೊಡೆದ ಹಂಗೆ ಕೂರುತ್ತೆ. ಈಗ ಚಕ್ರ ತಿರುಗಿಸಿದ್ರೆ ಬೋಲ್ಟು ತಿರುಗಲೇಬೇಕು. ಪಾಲಿಪ್ರೊಪಿಲೀನ್ ಕರಗೋದು ಸುಮಾರು 160 ಡಿಗ್ರಿಗೆ, ಐರನ್ ಅದಕ್ಕಿಂತ ಎಷ್ಟೋ ಬಿಸಿ, ಆದ್ರಿಂದ ಅವಸರ ಬೇಡ, ಹೊಗೆ ಬಂತು ಅಂದ್ರೆ ಜಾಸ್ತಿ ಆಯ್ತು. ಕಿಟಕಿ ತೆಗೆದಿಟ್ಟು ಮಾಡಿ.

ಆಮೇಲೆ ತಟ್ಟೆ. ಎಲ್ಲರೂ ಕೆಡಿಸೋದು ಇಲ್ಲೇ. ತಟ್ಟೆಯ ತೂತಿಗೆ ಒಂದು ನಟ್ಟು ಕೂರಿಸ್ಬೇಕು. 5 ಎಂಎಂ ಬೋಲ್ಟಿನ ನಟ್ಟು ಅಂಚಿಂದ ಅಂಚಿಗೆ 8 ಎಂಎಂ ಇರುತ್ತೆ, ತಟ್ಟೆಯ ತೂತು ಅದಕ್ಕಿಂತ ಸಣ್ಣದಿರ್ಬೇಕು, ದೊಡ್ಡದಿದ್ರೆ 6 ಎಂಎಂ ಬೋಲ್ಟಿಗೆ ಹೋಗಿ, ಅದರ ನಟ್ಟು 10 ಎಂಎಂ. ನಟ್ಟನ್ನ ಇನ್ನೊಂದು ಬೋಲ್ಟಿನ ತುದಿಗೆ ಎರಡೇ ಮರೆ ಹಾಕಿ (ಮನೇಲಿ ಅದೇ ದಪ್ಪದ ಹಳೇದು ಯಾವುದಾದ್ರೂ ಇರುತ್ತೆ), ಕಟಿಂಗ್ ಪ್ಲೇಯರಲ್ಲಿ ಹಿಡ್ಕೊಂಡು ಗ್ಯಾಸ್ ಒಲೆಯ ಸಣ್ಣ ಉರೀಲಿ ಒಂದು 15 ಸೆಕೆಂಡ್ ಕಾಯಿಸಿ. ಕೆಂಪಗಾಗ್ಬಾರ್ದು. ತಟ್ಟೇನ ಟೈಲ್ಸ್ ಮೇಲಿಟ್ಟು ಅದರ ತೂತಿನ ಮೇಲೆ ನಟ್ಟನ್ನ ನೆಟ್ಟಗೆ ಒತ್ತಿ, ಬೆಣ್ಣೇಲಿ ಚಾಕು ಇಳಿದ ಹಂಗೆ ಇಳಿಯುತ್ತೆ, ನಟ್ಟಿನ ಮೇಲ್ಮೈ ತಟ್ಟೆಗೆ ಸಮ ಆದ ಕೂಡಲೇ ನಿಲ್ಲಿಸಿ.

ಈಗ ಐದು ಸೆಕೆಂಡ್ ಟೈಮಿದೆ, ಪ್ಲಾಸ್ಟಿಕ್ ಇನ್ನೂ ಮೆತ್ತಗಿರುತ್ತೆ. ಮಕ್ಕಳ ಕಂಪಾಸ್ ಬಾಕ್ಸಲ್ಲಿರೋ ಸೆಟ್‌ಸ್ಕ್ವೇರ್ ತಗೊಂಡು ಬೋಲ್ಟಿನ ಪಕ್ಕ ನಿಲ್ಲಿಸಿ, ಓರೆ ಇದ್ರೆ ಸರಿ ಮಾಡಿ, ಎರಡು ದಿಕ್ಕಿಂದ್ಲೂ ನೋಡಿ. ಒಂದು ಕಡೆಯಿಂದ ನೆಟ್ಟಗೆ ಕಂಡು ಇನ್ನೊಂದು ಕಡೆಯಿಂದ ಪಿಸಾ ಗೋಪುರ ಆಗಿರೋದನ್ನ ನಾನು ಬೇಕಾದಷ್ಟು ನೋಡಿದ್ದೀನಿ. ನಟ್ಟು ಓರೆ ಕೂತರೆ ತಟ್ಟೆ ಓರೆಯಾಗಿ ಹತ್ತುತ್ತೆ, ಗೋಡೆಗೆ ಸಿಕ್ಕಾಕೊಳ್ಳುತ್ತೆ, ಆಗ ಜನ ಮತ್ತೆ ಜೋರಾಗಿ ತಿರುಗಿಸ್ತಾರೆ, ಮತ್ತೆ ‘ಟಕ್’. ನೆಟ್ಟಗಾದ್ಮೇಲೆ ಮುಟ್ಟದೆ ಐದು ನಿಮಿಷ ಬಿಡಿ. ನೀರು ಸುರಿದು ಬೇಗ ಆರಿಸೋ ಬುದ್ಧಿ ಬೇಡ, ತಟ್ಟೆ ಸೊಟ್ಟಗಾಗುತ್ತೆ. ಆರಿದ್ಮೇಲೆ ಆ ಹಳೇ ಬೋಲ್ಟನ್ನ ಬಿಚ್ಚಿ ತೆಗೀರಿ.

ಜೋಡಣೆ. ಚಕ್ರ ಕಚ್ಚಿಸಿರೋ ಬೋಲ್ಟನ್ನ ಡಬ್ಬಿ ಬುಡದ ತೂತಿಂದ ಮೇಲಕ್ಕೆ ತೂರಿಸಿ, ಒಳಗಡೆಯಿಂದ ವಾಷರ್ ಬಿಡಿ, ಅದರ ಮೇಲೆ ಎರಡನೇ ನಟ್ಟು. ನಟ್ಟನ್ನ ಉದ್ದ ಮೂತಿಯ ನೋಸ್ ಪ್ಲೇಯರಲ್ಲಿ ಹಿಡ್ಕೊಂಡು ಚಕ್ರ ತಿರುಗಿಸ್ತಾ ಕೆಳಗಿಳಿಸ್ಬೇಕು, ಒಂದು ಸುತ್ತಿಗೆ ಇಳಿಯೋದು 0.8 ಎಂಎಂ ಮಾತ್ರ, ಏಳು ಸೆಂಟಿಮೀಟರ್ ಇಳಿಸೋಕೆ ಹತ್ತತ್ರ 90 ಸುತ್ತು. ಕ್ರಿಕೆಟ್ ಮ್ಯಾಚ್ ಹಾಕ್ಕೊಂಡು ಕೂತ್ಕೊಳ್ಳಿ. ನಟ್ಟು ವಾಷರಿಗೆ ತಾಗಿದ ಮೇಲೆ ಕಾಲು ಸುತ್ತು ವಾಪಸ್ ಬಿಡಿ, ಬಿಗಿಯಾದ್ರೆ ಚಕ್ರ ತಿರುಗಲ್ಲ.

ಈ ನಟ್ಟು ಅಲ್ಲೇ ನಿಲ್ಲಬೇಕಲ್ಲ, ಅದಕ್ಕೆ ನಾನು ಇಷ್ಟೊತ್ತು ಬೈದ ಅದೇ ಕ್ವಿಕ್ ಗಮ್. ಲೋಹಕ್ಕೆ ಲೋಹ ಅದು ಚೆನ್ನಾಗೇ ಹಿಡಿಯುತ್ತೆ. ಬೋಲ್ಟಿಗೆ ಎಣ್ಣೆ ಪಸೆ ಇರುತ್ತೆ, ನೇಲ್ ಪಾಲಿಷ್ ರಿಮೂವರ್ ಅದ್ದಿದ ಹತ್ತೀಲಿ ಮೊದಲೇ ಒರೆಸಿರಿ. ಟೂತ್‌ಪಿಕ್ ತುದೀಲಿ ಒಂದೇ ಹನಿ, ನಟ್ಟು ಮತ್ತು ಬೋಲ್ಟಿನ ಸಂದಿಗೆ. ಎರಡು ಹನಿ ಹಾಕಿದ್ರೆ ವಾಷರ್‌ಗೂ ಹರಿಯುತ್ತೆ. ಅರ್ಧ ಗಂಟೆ ಬಿಟ್ಟು ತಟ್ಟೆ ಹಾಕಿ ಕೆಳಗಿಳಿಸಿ, ಮತ್ತೆ ಅಷ್ಟೇ ಸುತ್ತು, ಎರಡನೇ ಇನ್ನಿಂಗ್ಸ್.

ಹಂತ 4, ತುಂಬೋದು. ತೆಳ್ಳಗೆ ಪಾರದರ್ಶಕವಾಗಿರೋ ಜೆಲ್ ಥರದ್ದು ಆದ್ರೆ ಕರಗಿಸ್ಲೇಬೇಡಿ, ಅದರಲ್ಲಿ ಕೆಲವಕ್ಕೆ ಆಲ್ಕೋಹಾಲ್ ಇರುತ್ತೆ, ತುಂಡನ್ನ ಹಂಗೇ ಒತ್ತಿ ಕೂರಿಸಿ. ಬಿಳೀ ಗಟ್ಟಿ ಸ್ಟಿಕ್ ಆದ್ರೆ ಒಂದು ಪಾತ್ರೇಲಿ ನೀರು ಬಿಸಿ ಮಾಡಿ, ಅದರ ಮೇಲೆ ಅಡುಗೆಗೆ ಮತ್ತೆ ಬಳಸದೇ ಇರೋ ಸ್ಟೀಲ್ ಬಟ್ಟಲಿಟ್ಟು ಕರಗಿಸಿ. ಈ ಸ್ಟಿಕ್ಕನ್ನ ಗಟ್ಟಿಯಾಗಿಡೋ ಸ್ಟಿಯರಿಲ್ ಆಲ್ಕೋಹಾಲ್ ಕರಗೋದು 59 ಡಿಗ್ರಿ ಆಸುಪಾಸು, ನೀರು ಕೊತಕೊತ ಕುದಿಯೋದೇ ಬೇಡ. ನೇರ ಉರಿಗೆ ಇಡ್ಬೇಡಿ, ಸುಗಂಧವೂ ಹಾರುತ್ತೆ, ಬೆಂಕಿ ಹತ್ತೋ ಭಯವೂ ಇದೆ.

ಸುರಿಯೋಕೆ ಮುಂಚೆ ಬೋಲ್ಟಿಗೆ ಒಂದು ಸ್ಟ್ರಾ ತೊಡಿಸಿ, ತಟ್ಟೆ ಮೇಲೆ ಕೂರೋ ಹಂಗೆ, ಬಾಯಿಗಿಂತ ಒಂದು ಸೆಂಟಿಮೀಟರ್ ಕೆಳಗೆ ಕತ್ತರಿಸಿ, ಮೇಲಿನ ತೂತಿಗೆ ಚೂರು ಹತ್ತಿ ತುರುಕಿ. ಇಲ್ದಿದ್ರೆ ಡಿಯೋ ಬೋಲ್ಟಿನ ಮರೇಲಿ ಗಟ್ಟಿಯಾಗಿ ಶುರುವಲ್ಲೇ ಜಾಮ್. ಪ್ಲಾಸ್ಟಿಕ್ ಸ್ಟ್ರಾ 2022ರ ಜುಲೈಯಿಂದ ಬ್ಯಾನ್ ಆಗಿದೆ, ಅಡುಗೆಮನೆ ಡ್ರಾಯರ್ ತಳದಲ್ಲಿ ಹಳೇದು ಸಿಕ್ರೆ ಸರಿ, ಪೇಪರ್ ಸ್ಟ್ರಾ ಆದ್ರೆ ಹೊರಗೆ ವ್ಯಾಸಲೀನ್ ಸವರಿ. ಬಿಸಿ ಬಿಸಿ ಸುರೀಬೇಡಿ, ದೋಸೆ ಹಿಟ್ಟಿನ ಹದಕ್ಕೆ ಬರ್ಲಿ. ಮೊದಲು ತಟ್ಟೆ ಮುಚ್ಚೋ ಅಷ್ಟು ಮಾತ್ರ ಸುರಿದು ಹತ್ತು ನಿಮಿಷ ಕಾಯಿರಿ, ಅದು ಗಟ್ಟಿಯಾಗಿ ಸಂದಿ ಮುಚ್ಚಿದ ಮೇಲೆ ಉಳಿದಿದ್ದು. ಎರಡು ಚಮಚ ಉಳಿಸ್ಕೊಂಡಿರಿ, ಆರಿದ ಮೇಲೆ ನಡುವೆ ಗುಂಡಿ ಬೀಳುತ್ತೆ, ಅದಕ್ಕೆ ಬೇಕು. ಒಂದು ರಾತ್ರಿ ಮುಟ್ಬೇಡಿ. ಫ್ರೀಜರ್‌ಗೆ ಹಾಕಿದ್ರೆ ಬಿರುಕು.

ಬಳಸುವಾಗ ಮೊದಲಿನ ಹಂಗೆ ಒಂದು ಸುತ್ತಿಗೆ ಎದ್ದು ಬರಲ್ಲ, ಮೂರ್ನಾಲ್ಕು ಸುತ್ತು ಬೇಕು. ದೊಡ್ಡಪ್ಪನ ಡಬ್ಬಿ ತಳದಲ್ಲಿ ನಾನು ಮಾರ್ಕರಲ್ಲಿ ‘4 ಸುತ್ತು’ ಅಂತ ಬರೆದುಕೊಟ್ಟಿದ್ದೀನಿ. ಸ್ಟಿಕ್ ಸವೆದು ಸ್ಟ್ರಾ ಕಾಣಿಸ್ಕೊಂಡಾಗ ಉಗುರು ಕತ್ತರೀಲಿ ಅಷ್ಟಷ್ಟೇ ಕತ್ತರಿಸ್ತಾ ಹೋಗಿ. ಮತ್ತೆ ಊರಿಗೆ ಗೀರಿಗೆ ಹೊರಟಾಗ ಈ ಡಬ್ಬಿ ವಿಮಾನದ ಕೈಚೀಲದಲ್ಲಿ ಬೇಡ, ದೊಡ್ಡ ಸೂಟ್‌ಕೇಸಿಗೆ ಹಾಕಿ ಕಳಿಸಿ. ಡಿಯೋ ಒಳಗೆ ಮೂರಿಂಚಿನ ಬೋಲ್ಟ್ ಯಾಕಿದೆ ಅಂತ ಎಕ್ಸ್‌ರೇ ಮುಂದೆ ನಿಂತಿರೋರಿಗೆ ಈ ಲೇಖನ ಪೂರ್ತಿ ಹೇಳೋ ಅಷ್ಟರಲ್ಲಿ ಫ್ಲೈಟ್ ಹೋಗಿರುತ್ತೆ.