ಲೋಡು ಇಳಿದ ಮೇಲೆ ರೇಟು ಮುರಿದ ಪಾರ್ಟಿಯಿಂದ ದುಡ್ಡು ಬಂದ ಬಗೆ: ಕೊಬ್ಬರಿ ವ್ಯಾಪಾರದಲ್ಲಿ ನನ್ನ ಅನುಭವ

ತಿಪಟೂರಿನಿಂದ ಉತ್ತರದ ಕಡೆಗೆ ಉಂಡೆ ಕೊಬ್ಬರಿ ಕಳಿಸುವವರಿಗೆ ಮಾಲು ಕೊಂಡ ಪಾರ್ಟಿಯ ಈ ಫೋನು ಹೊಸದಲ್ಲ: "ಮಾಲು ಹಸಿ ಬಂದಿದೆ, ಕ್ವಿಂಟಲಿಗೆ ಎರಡೂವರೆ ಸಾವಿರ ಬಿಡಿ." ಲಾರಿ ದಾರಿಯಲ್ಲಿದ್ದಾಗ ಪೇಟೆ ಇಳಿದರೆ ಈ ಫೋನು ಬಂದೇ ಬರುತ್ತದೆ. ಕಾಗದಪತ್ರ ಕೇಳಿದರೆ ಪಾರ್ಟಿ ಬೇರೆ ಮಂಡಿ ಹಿಡಿಯುತ್ತದೆ, ಕೋರ್ಟು ಅಂದರೆ ವರ್ಷಗಟ್ಟಲೆ ಅಲೆದಾಟ ಅಂತ ಪೇಟೆಯಲ್ಲಿ ನನಗೆ ಬುದ್ಧಿ ಹೇಳಿದವರೇ ಹೆಚ್ಚು. ಆದರೆ ನನ್ನ 160 ಕ್ವಿಂಟಲಿನ ಒಂದು ಲೋಡಿನಲ್ಲಿ ಪಾರ್ಟಿ ಹಿಡಿದಿಟ್ಟಿದ್ದ ಸುಮಾರು 4 ಲಕ್ಷದಲ್ಲಿ ಮೂರೂವರೆ ಲಕ್ಷದಷ್ಟು ದಾವೆ ಹೂಡದೆಯೇ ಬಂತು. ಅದೇ ಪಾರ್ಟಿ ಈಗಲೂ ನನ್ನಿಂದಲೇ ಮಾಲು ತರಿಸುತ್ತದೆ.

ಮೊದಲು ಕೈಕೊಟ್ಟ ದಾರಿಗಳು. ದಲ್ಲಾಳಿ ಕೂರಿಸಿ ಮಾಡುವ ಪಂಚಾಯ್ತಿಯಲ್ಲಿ ಯಾವಾಗಲೂ ಅರ್ಧಕ್ಕರ್ಧ. ಅದು ಗೊತ್ತಿರುವ ಪಾರ್ಟಿ ಮೊದಲೇ ಎರಡರಷ್ಟು ಕಟ್ ಕೇಳುತ್ತದೆ. ಬರೀ ವಕೀಲರ ನೋಟಿಸಿಗೆ ಉತ್ತರವೇ ಬರುವುದಿಲ್ಲ. ಚೆಕ್ ಬೌನ್ಸ್ ಕೇಸು ಚೆಕ್ ಕೈಯಲ್ಲಿದ್ದರೆ ಮಾತ್ರ, ಅದರಲ್ಲೂ ಬ್ಯಾಂಕಿನ ಮೆಮೊ ಬಂದ 30 ದಿನದೊಳಗೆ ನೋಟಿಸ್ ಹೋಗಬೇಕು. ಸಣ್ಣ ಉದ್ಯಮಗಳ ಬಾಕಿ ವಸೂಲಿಗಿರುವ ಸರ್ಕಾರಿ ಪೋರ್ಟಲ್ ಎಂಎಸ್‌ಎಂಇ ಸಮಾಧಾನ್‌ನಲ್ಲಿ ಹಾಕಿ ಅನ್ನುವವರು ಬಹಳ. 2021ರಿಂದ ವ್ಯಾಪಾರಿಗಳಿಗೂ ಉದ್ಯಮ್ ನೋಂದಣಿ ಸಿಗುತ್ತದೆ ನಿಜ, ಆದರೆ ಅದು ಆದ್ಯತಾ ವಲಯದ ಸಾಲಕ್ಕಷ್ಟೇ. ಕೊಬ್ಬರಿ ಪುಡಿ, ಎಣ್ಣೆ ಮಾಡುವ ಸಣ್ಣ ಘಟಕದವರು ಮಾತ್ರ ಆ ದಾರಿ ಬಿಡಬಾರದು: 45 ದಿನ ದಾಟಿದರೆ ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಮೂರು ಪಟ್ಟು ಬಡ್ಡಿ, ಅದೂ ತಿಂಗಳಿಗೊಮ್ಮೆ ಚಕ್ರಬಡ್ಡಿ.

ಕೇಸು ಗೆಲ್ಲುವುದು ಲೋಡಿಂಗ್ ದಿನ. ಉಂಡೆ ಕೊಬ್ಬರಿಗೆ ಚೀಲ ಚುಚ್ಚುವ ಸಲಾಕೆ ನಡೆಯುವುದಿಲ್ಲ. ಹತ್ತು ಚೀಲಕ್ಕೊಂದು ಬಿಚ್ಚಿಸಿ, ಮೇಲೆ, ನಡುವೆ, ತಳದಿಂದ ಒಂದೊಂದು ಉಂಡೆ ತೆಗೆಸುತ್ತೇನೆ. ಒಡೆದು, ಒಳಗೆ ಬೂಸು, ಕೌಟು ಇದೆಯೇ ಅಂತ ದಲ್ಲಾಳಿ ಕಡೆಯವನಿಗೇ ತೋರಿಸಿ, ಮೂರು ಪಾಲು ಮಾಡುತ್ತೇನೆ. ಒಂದು ನನಗೆ, ಒಂದು ಲಾರಿ ಜೊತೆ, ಒಂದು ಅದೇ ದಿನ ಲ್ಯಾಬಿಗೆ. ದಪ್ಪ ಪ್ಲಾಸ್ಟಿಕ್ ಎರಡು ಪದರ, ಗಾಳಿ ಹಿಂಡಿ ಕಟ್ಟಿ ಅರಗಿನ ಮುದ್ರೆ, ಚೀಟಿಯ ಮೇಲೆ ಡ್ರೈವರ್ ಮತ್ತು ದಲ್ಲಾಳಿ ಕಡೆಯವನ ಸಹಿ, ಲಾರಿ ನಂಬರು, ವೇ ಬ್ರಿಡ್ಜ್ ಚೀಟಿಯ ನಂಬರು. ಎಲ್ಲವೂ ಒಂದೇ ಫೋಟೊದಲ್ಲಿ ಬರಬೇಕು.

ಗೋಣಿ ತುಂಡಿನಲ್ಲೂ ಮಾದರಿ ಕಟ್ಟಿಟ್ಟು ನೋಡಿದ್ದೇನೆ. ಮಳೆಗಾಲದಲ್ಲಿ ವಾರ ಹತ್ತು ದಿನಕ್ಕೆ ತೇವಾಂಶ ಹೆಚ್ಚುಕಡಿಮೆ ಒಂದು ಪಾಯಿಂಟ್ ಏರುತ್ತದೆ. ಅಂಥ ಮಾದರಿ ನಮಗೇ ತಿರುಗುಬಾಣ. ಪ್ಲಾಸ್ಟಿಕ್‌ನಲ್ಲಿ ತೇವಾಂಶ 8 ಪರ್ಸೆಂಟ್ ದಾಟಿದ ಮಾಲು ಬೆವೆತು ಬೂಸು ಹಿಡಿಯುತ್ತದೆ, ಹಾಗಾಗಿ ಒಣಗಿದ್ದನ್ನೇ ಕಟ್ಟಬೇಕು. ಕೈ ಮೀಟರಿನ ಅಂಕಿಯನ್ನು ಯಾವ ಪಾರ್ಟಿಯೂ ಒಪ್ಪುವುದಿಲ್ಲ, ಓವನ್‌ನಲ್ಲಿ ಒಣಗಿಸಿ ತೂಗಿದ ಲ್ಯಾಬ್ ವರದಿಯೇ ಬೇಕು.

ಲಾರಿ ಹೊರಡುವ ಮುಂಚೆ ವಾಟ್ಸಾಪ್‌ನಲ್ಲಿ ಒಂದು ಮೆಸೇಜು: ಮಾಲಿನ ಗಾತ್ರ, ತೇವಾಂಶ 7 ಪರ್ಸೆಂಟಿನೊಳಗೆ, ರೇಟು, ತೂಕದಲ್ಲಿ ಅರ್ಧ ಪರ್ಸೆಂಟ್ ಸೂಟು (ಕಡಿಮೆ ಬಂದರೂ ಲೆಕ್ಕಕ್ಕೆ ಹಿಡಿಯದ ಪಾಲು), ಆ ರೇಟು ಲೋಡಿಂಗ್ ಪಾಯಿಂಟಿನದು (ಲಾರಿಗೆ ಹೇರುವ ಜಾಗದ ಲೆಕ್ಕ), ತಕರಾರಿದ್ದರೆ ಇಳಿಸುವ ಮೊದಲೇ ಬರಹದಲ್ಲಿ, ವ್ಯಾಜ್ಯ ತುಮಕೂರು ಜಿಲ್ಲೆಯ ನ್ಯಾಯಾಲಯದಲ್ಲಿ. ಪಾರ್ಟಿ "ಓಕೆ" ಅನ್ನುವ ತನಕ ಲಾರಿ ಬಿಡುವುದಿಲ್ಲ.   ಡೆಲಿವರಿ ರೇಟಿಗೆ (ಪಾರ್ಟಿಯ ಊರಿಗೆ ಮುಟ್ಟಿಸಿದ ಲೆಕ್ಕಕ್ಕೆ) ಒಪ್ಪಲೇಬೇಡಿ. ಲಾರಿಗೆ ಹೇರಿದ್ದೇ ಪಾರ್ಟಿಗೆ ಒಪ್ಪಿಸಿದಂತೆ ಅನ್ನುವ ವಾದ ಆಗ ಸಡಿಲವಾಗುತ್ತದೆ, ಕೇಸೂ ಪಾರ್ಟಿಯ ಊರಿಗೆ ಜಾರುತ್ತದೆ.

ಫೋನು ಬಂದಾಗ ರೇಟಿನ ಮಾತೇ ಆಡುವುದಿಲ್ಲ. ಕೇಳುವುದು ಎರಡೇ: ಎಷ್ಟು ಚೀಲ ಇಳಿಯಿತು, ಅದರಲ್ಲಿ ಎಷ್ಟು ಮಾರಿದಿರಿ? ಉತ್ತರ ಬರಹದಲ್ಲೇ ಬೇಕು. 1930ರ ಸರಕು ಮಾರಾಟ ಕಾಯ್ದೆಯ ಸೆಕ್ಷನ್ 42 ನಮ್ಮ ಕೈಯ ಅಸ್ತ್ರ. ತನ್ನ ಮಾಲೆಂಬಂತೆ ಮಾರಿದರೂ, ತಕರಾರು ತಿಳಿಸದೆ ಹೆಚ್ಚು ದಿನ ಇಟ್ಟುಕೊಂಡರೂ ಮಾಲು ಒಪ್ಪಿಕೊಂಡಂತೆ. ಆಮೇಲೆ ವಾಪಸ್ ಅನ್ನುವಂತಿಲ್ಲ. ಸೆಕ್ಷನ್ 59ರಡಿ ಬೆಲೆಯಲ್ಲಿ ಇಳಿತ ಕೇಳಬಹುದು, ಆದರೆ ಮಾಲು ಕೆಟ್ಟಿತ್ತೆಂದು ತೋರಿಸುವ ಹೊರೆ ಪಾರ್ಟಿಯದು. ಅಲ್ಲಿ ನಮ್ಮ ಮೂರು ಪಾಲಿನ ಮಾದರಿ ಮಾತಾಡುತ್ತದೆ.

ಇಳಿಸದೆ ತಿರಸ್ಕರಿಸಿದರೆ ಲೆಕ್ಕ ಬೇರೆ. ಮಾಲು ಲಾರಿಯವನ ಬಳಿಯೇ ಇದ್ದರೆ ಸಾಗಣೆ ಮುಗಿದಿಲ್ಲವೆಂದೇ ಅದೇ ಕಾಯ್ದೆಯ ಸೆಕ್ಷನ್ 51 ಹೇಳುತ್ತದೆ. ಇಷ್ಟು ದಿನದಲ್ಲಿ ದುಡ್ಡು ಕೊಡದಿದ್ದರೆ ಬೇರೆಯವರಿಗೆ ಮಾರುತ್ತೇನೆ ಅಂತ ಆಗಲೇ ಮೇಲ್ ಮತ್ತು ಸ್ಪೀಡ್ ಪೋಸ್ಟ್ ಎರಡರಲ್ಲೂ ಕಳಿಸಿ. ಈ ನೋಟಿಸ್ ಇಲ್ಲದೆ ಮಾರಿದರೆ ಸೆಕ್ಷನ್ 54ರಲ್ಲಿ ನಷ್ಟ ಕೇಳುವ ಹಕ್ಕೂ ಹೋಗುತ್ತದೆ, ಲಾಭ ಬಂದರೆ ಅದೂ ಪಾರ್ಟಿಗೇ. ಮಾರಿದ ದಿನದ ಎಪಿಎಂಸಿ ದರಪಟ್ಟಿ ತೆಗೆದಿಡಿ.

ಇನ್ನು ವಸೂಲಿ. ಮೊತ್ತ ಬಡ್ಡಿ ಸೇರಿ 3 ಲಕ್ಷ ಮುಟ್ಟಿದರೆ 2018ರ ತಿದ್ದುಪಡಿಯಿಂದ ಅದು ವಾಣಿಜ್ಯ ನ್ಯಾಯಾಲಯದ ವ್ಯಾಜ್ಯ. ತುರ್ತು ಆದೇಶ ಬೇಡದಿದ್ದರೆ ದಾವೆಗೆ ಮೊದಲು ವಾಣಿಜ್ಯ ನ್ಯಾಯಾಲಯಗಳ ಕಾಯ್ದೆಯ ಸೆಕ್ಷನ್ 12ಎ ಮಧ್ಯಸ್ಥಿಕೆ ಕಡ್ಡಾಯ. ಎಲ್ಲರೂ ಇದನ್ನು ಕಾಲಹರಣ ಅಂದುಕೊಳ್ಳುತ್ತಾರೆ. ನನಗೆ ದುಡ್ಡು ಬಂದದ್ದು ಇಲ್ಲೇ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ, ಶುಲ್ಕ 1,000. ಪಾರ್ಟಿ ಬಂದರೆ 10 ಲಕ್ಷದವರೆಗಿನ ವ್ಯಾಜ್ಯಕ್ಕೆ 15,000, ಇಬ್ಬರೂ ಅರ್ಧರ್ಧ. ಮೂರು ತಿಂಗಳು, ಒಪ್ಪಿದರೆ ಇನ್ನೆರಡು. ಆ ಅವಧಿ ದಾವೆ ಹೂಡುವ ಮೂರು ವರ್ಷದ ಕಾಲಮಿತಿಯಲ್ಲಿ ಸೇರುವುದಿಲ್ಲ. ಪಾರ್ಟಿ ಬಾರದಿದ್ದರೆ ಮಧ್ಯಸ್ಥಿಕೆ ನಡೆಯಲಿಲ್ಲವೆಂಬ ವರದಿ ಹಿಡಿದು ದಾವೆ. 4 ಲಕ್ಷಕ್ಕೆ ಕೋರ್ಟ್ ಫೀ ಇಪ್ಪತ್ತಾರು ಇಪ್ಪತ್ತೇಳು ಸಾವಿರ, ವಕೀಲರದ್ದು ಬೇರೆ. ಆದ್ದರಿಂದ ಅರ್ಜಿಯ ಜೊತೆಗೇ ಲ್ಯಾಬ್ ವರದಿ, ಮುದ್ರೆಯ ಫೋಟೊ, ಬಿಲ್ಟಿ (ಲಾರಿ ರಸೀದಿ), ಇ-ವೇ ಬಿಲ್, ಚಾಟ್ ಎಲ್ಲ ಲಗತ್ತಿಸಿ. ಪಾರ್ಟಿಯ ವಕೀಲರು ಕಡತ ನೋಡಿದ ಮೇಲೆಯೇ ಮಾತು ಬದಲಾಯಿತು. ಚಾಟ್ ಇರುವ ಫೋನನ್ನು ಮಾರಬೇಡಿ, ರೀಸೆಟ್ ಮಾಡಬೇಡಿ. 2024ರ ಜುಲೈಯಿಂದ ಭಾರತೀಯ ಸಾಕ್ಷ್ಯ ಅಧಿನಿಯಮದ ಸೆಕ್ಷನ್ 63ರಂತೆ ಡಿಜಿಟಲ್ ಸಾಕ್ಷ್ಯದ ಜೊತೆ ಕೊಡುವ ಪ್ರಮಾಣಪತ್ರಕ್ಕೆ ಹ್ಯಾಶ್ ಸಂಖ್ಯೆ (ಫೈಲು ಬದಲಾಗಿಲ್ಲವೆಂದು ತೋರಿಸುವ ಗುರುತು) ಬೇಕು, ತಜ್ಞರ ಸಹಿಯೂ ಬೇಕು.

ಒಪ್ಪಂದಪತ್ರದಲ್ಲಿ ಕಂತಿನ ತಾರೀಕು, ತಪ್ಪಿದರೆ ಬಿಟ್ಟುಕೊಟ್ಟ ಮೊತ್ತವೂ ಸೇರಿ ಪೂರಾ ಬಾಕಿ ಮತ್ತು ಬಡ್ಡಿ ಅಂತ ಬರೆಸಿ. ಮಧ್ಯಸ್ಥರ ಸಹಿಯಾದ ಆ ಕಾಗದಕ್ಕೆ ಆರ್ಬಿಟ್ರೇಷನ್ ತೀರ್ಪಿನ ಬಲ ಇದೆ, ಅದನ್ನಿಟ್ಟು ನೇರ ಜಾರಿ ಅರ್ಜಿ ಹಾಕಬಹುದು. ಬಿಟ್ಟ ಹಣಕ್ಕೆ ಜಿಎಸ್‌ಟಿ ಕ್ರೆಡಿಟ್ ನೋಟನ್ನು (ಬಿಲ್ಲಿನ ಮೊತ್ತ ಇಳಿಸುವ ಚೀಟಿ) ಮಾಲು ಕಳಿಸಿದ ಆರ್ಥಿಕ ವರ್ಷ ಮುಗಿದ ಮೇಲಿನ ನವೆಂಬರ್ 30ರೊಳಗೆ ತೋರಿಸಿ. ತಡವಾದರೆ ಕೈಗೆ ಬಾರದ ದುಡ್ಡಿಗೂ ನಾವೇ ತೆರಿಗೆ ಕಟ್ಟಿದಂತಾಗುತ್ತದೆ.