ಕ್ರ್ಯಾಕ್ ಬಿಟ್ಟು ಲೈಸೆನ್ಸ್ ಹಾಕಿಸಿದೆ: ನಮ್ಮ ಟೂಲ್ ರೂಮಿನ ಅನುಭವ

ಪೀಣ್ಯದಲ್ಲಿ ನಮ್ಮದೊಂದು ಸಣ್ಣ ಟೂಲ್ ರೂಮ್, ಅಂದರೆ ಅಚ್ಚು ಮಾಡುವ ಶೆಡ್ಡು. ಕಂಪ್ಯೂಟರ್ ಹೇಳಿದಂತೆ ಲೋಹ ಕೊರೆಯುವ ಎರಡು ವಿಎಂಸಿ, ತಂತಿಯಿಂದ ಕತ್ತರಿಸುವ ಒಂದು ವೈರ್ ಕಟ್, ಡಿಸೈನ್‌ಗೆ ನಾಲ್ಕು ಹುಡುಗರು. ಶುರುವಿನ ವರ್ಷಗಳಲ್ಲಿ ಡಿಸೈನ್ ಬಿಡಿಸುವ ಕ್ಯಾಡ್, ಅದರಿಂದ ಮೆಷಿನ್‌ಗೆ ಪ್ರೋಗ್ರಾಂ ಬರೆಯುವ ಕ್ಯಾಮ್, ಈ ಎರಡು ಸಾಫ್ಟ್‌ವೇರ್‌ಗಳೂ ಕ್ರ್ಯಾಕ್ ಮಾಡಿದ್ದೇ, ಅಂದರೆ ಲೈಸೆನ್ಸಿನ ಬೀಗ ಒಡೆದ ಕಳ್ಳ ಕಾಪಿ. ಸುಮ್ನೆ ಮುಚ್ಚಿಟ್ಟು ಏನು ಪ್ರಯೋಜನ?

ಈ ಚಾಳಿ ಹತ್ತಿದ್ದು ಹಾಸ್ಟೆಲ್‌ನಲ್ಲಿ. ಫೈಲ್ ಹಂಚಿಕೊಳ್ಳುವ ಡಿಸಿ ಪ್ಲಸ್ ಪ್ಲಸ್ ಪ್ರೋಗ್ರಾಂ ಹಾಕಿಕೊಂಡರೆ ಎಲ್ಲರ ಹಾರ್ಡ್‌ಡಿಸ್ಕೂ ಎಲ್ಲರದೇ. ಸಿನಿಮಾ ಫೋಲ್ಡರ್‌ನ ಹೆಸರು ನೋಡಿಯೇ ಮಾಲು ಹೇಗಿದೆ ಅಂತ ಹೇಳುತ್ತಿದ್ದೆವು. ಕಳ್ಳ ಕಾಪಿ ಬಿಡುವ ಗುಂಪುಗಳಿದ್ದವು. ಒಂದು ಗುಂಪು ಬಿಟ್ಟ ಕಾಪಿಯಲ್ಲಿ ತುಟಿಗೂ ಮಾತಿಗೂ ತಾಳ ತಪ್ಪಿದ್ದರೆ, ಇನ್ನೊಂದು ಗುಂಪು ಸರಿಯಾದ ಕಾಪಿಯನ್ನು ‘ಪ್ರಾಪರ್’ ಅಂತ ಬಿಡುತ್ತಿತ್ತು. ಮೊದಲಿನವರೇ ತಮ್ಮ ತಪ್ಪು ತಿದ್ದಿದರೆ ಅದು ‘ರೀಪ್ಯಾಕ್’. ಕೆಟ್ಟ ಕಾಪಿಯ ಹಣೆಗೆ ‘ನ್ಯೂಕ್ಡ್’, ಅಂದರೆ ತಿರಸ್ಕೃತ ಅನ್ನುವ ಪಟ್ಟಿ. ಪ್ರಾಪರ್ ಅಂತ ಬಿಡುವವರು ಹಳೆಯದರಲ್ಲಿ ಏನು ತಪ್ಪಿತ್ತು ಅಂತ ಜೊತೆಗಿನ ಎನ್‌ಎಫ್‌ಒ ಅನ್ನುವ ಮಾಹಿತಿ ಫೈಲಿನಲ್ಲಿ ಬರೆಯಬೇಕಿತ್ತು. ಕದ್ದ ಮಾಲಿಗೂ ಇನ್‌ಸ್ಪೆಕ್ಷನ್ ರಿಪೋರ್ಟ್! ನಮ್ಮ ಶೆಡ್ಡಿನಲ್ಲಿ ಅಷ್ಟು ಶಿಸ್ತು ಇರಲಿಲ್ಲ ಬಿಡಿ.

ಸಾಫ್ಟ್‌ವೇರ್‌ಗೂ ಇದೇ ಹಣೆಪಟ್ಟಿಗಳು. ಅದೇ ಧೈರ್ಯದಲ್ಲಿ ಕ್ಯಾಮ್ ಹಾಕಿಕೊಂಡೆ. ಆದರೆ ಸಿನಿಮಾದ ತಪ್ಪು ಎರಡು ನಿಮಿಷದಲ್ಲಿ ಕಣ್ಣಿಗೆ ಬೀಳುತ್ತದೆ. ಟೂಲ್‌ಪಾತ್‌ನ, ಅಂದರೆ ಕಟರ್ ಓಡುವ ದಾರಿಯ, ತಪ್ಪು ಕಾಣುವುದು ಸ್ಟೀಲ್ ಮೇಲೆ. ಒಂದು ದಿನ ಪಿ20 ಸ್ಟೀಲಿನ ಕೋರ್, ಅಂದರೆ ಅಚ್ಚಿನ ಒಳಭಾಗದ, ಫಿನಿಶಿಂಗ್ ನಡೆಯುತ್ತಿತ್ತು. ಒಂದು ಕಡೆಯಿಂದ ಇನ್ನೊಂದು ಕಡೆಗೆ ಕೊರೆಯದೆ ವೇಗವಾಗಿ ಹೋಗುವ ಜಿ0 ಮೂವ್‌ನಲ್ಲಿ ಬಾಲ್ ನೋಸ್ (ದುಂಡು ತುದಿಯ ಕಟರ್) ಮೇಲಕ್ಕೆ ಏಳಲೇ ಇಲ್ಲ, ಸೀದಾ ಜಾಬ್ ಒಳಗೇ ನುಗ್ಗಿತು. ಕಟರ್ ಮುರಿಯಿತು, ಕೋರ್‌ಗೆ ವೆಲ್ಡಿಂಗ್ ಹಾಕಿಸಬೇಕಾಯಿತು. ಅದೇ ಫೈಲನ್ನು ಲೈಸೆನ್ಸ್ ಇರುವ ಸ್ನೇಹಿತನ ಹತ್ತಿರ ಹಾಕಿಸಿ ನೋಡಿದೆ. ಆ ಮೂವ್ ಸರಿಯಾಗಿ ಮೇಲೆ ಎದ್ದು ಹೋಯಿತು. ಕಂಪನಿಯವರು ಸರ್ವೀಸ್ ಪ್ಯಾಕ್‌ನಲ್ಲಿ ಅದನ್ನು ಯಾವತ್ತೋ ಸರಿ ಮಾಡಿದ್ದರು. ನಾವು ಆ ಪ್ಯಾಕ್ ಹಾಕಿದರೆ ಕ್ರ್ಯಾಕ್ ಹಾರಿಹೋಗುತ್ತದೆ, ಅದಕ್ಕೇ ಹಾಕಿರಲಿಲ್ಲ.

ಕಾನೂನಿನ ಭಯ ಆಮೇಲೆ ಬಂತು. 1957ರ ಕಾಪಿರೈಟ್ ಕಾಯ್ದೆಯ 63ಬಿ ಪ್ರಕಾರ, ಗೊತ್ತಿದ್ದೂ ಕಳ್ಳ ಸಾಫ್ಟ್‌ವೇರನ್ನು ಕಂಪ್ಯೂಟರ್‌ನಲ್ಲಿ ಬಳಸಿದರೆ 7 ದಿನದಿಂದ 3 ವರ್ಷ ಜೈಲು, ಜೊತೆಗೆ 50 ಸಾವಿರದಿಂದ 2 ಲಕ್ಷ ರೂಪಾಯಿ ದಂಡ. ವ್ಯಾಪಾರಕ್ಕೆ ಬಳಸದಿದ್ದರೆ ಕೋರ್ಟು ಜೈಲು ಶಿಕ್ಷೆ ಕೈಬಿಡಬಹುದು. ನಮ್ಮದು ವ್ಯಾಪಾರವೇ ಅಲ್ವಾ!

ಖರೀದಿಗೆ ಮೊದಲು ಎರಡು ವಾರ ಲೆಕ್ಕ ಬರೆದೆ: ಯಾರು, ಎಷ್ಟು ಹೊತ್ತು, ಯಾವುದನ್ನು ತೆರೆಯುತ್ತಾರೆ. ನಾಲ್ಕು ಜನರಿದ್ದರೂ ಒಂದೇ ಹೊತ್ತಿಗೆ ಕ್ಯಾಡ್ ಬೇಕಾಗುತ್ತಿದ್ದುದು ಇಬ್ಬರಿಗೆ ಮಾತ್ರ. ಹಾಗಾಗಿ ಯಾವ ಪಿಸಿಯಲ್ಲಾದರೂ ಸರದಿಯಂತೆ ಬಳಸಬಹುದಾದ ಎರಡು ಫ್ಲೋಟಿಂಗ್ ಕ್ಯಾಡ್ ಲೈಸೆನ್ಸ್, ಒಂದೇ ಪಿಸಿಗೆ ಕಟ್ಟಿಹಾಕಿದ ಒಂದು ಕ್ಯಾಮ್ ತೆಗೆದುಕೊಂಡೆ. ಫಿಕ್ಸ್‌ಚರ್, ಬ್ರಾಕೆಟ್‌ಗೆಲ್ಲ ಪುಕ್ಕಟೆ ಸಿಗುವ ಫ್ರೀಕ್ಯಾಡ್ ಸಾಕು. ಬಿಲ್ಲಿನ 18 ಪರ್ಸೆಂಟ್ ಜಿಎಸ್‌ಟಿಯನ್ನು ಇನ್‌ಪುಟ್ ಕ್ರೆಡಿಟ್ ತೆಗೆದುಕೊಂಡೆ.

ದುಡ್ಡು ಕೊಟ್ಟ ಮೇಲೆ ಆರಾಮ ಅಂದುಕೊಂಡಿದ್ದೆ. ಫ್ಲೋಟಿಂಗ್ ಲೈಸೆನ್ಸ್ ಹಂಚುವ ಪಿಸಿ, ಅಂದರೆ ಲೈಸೆನ್ಸ್ ಸರ್ವರ್, ಮೂರು ದಿನ ತಿಂದಿತು. ಹಳೇ ಪಿಸಿಯಲ್ಲಿ ಲೈಸೆನ್ಸ್ ನೋಡಿಕೊಳ್ಳುವ ಫ್ಲೆಕ್ಸ್‌ನೆಟ್ ಹಾಕಿದೆ, ಫೈರ್‌ವಾಲ್‌ನಲ್ಲಿ 27000 ಪೋರ್ಟ್ ತೆರೆದೆ. ಸರ್ವರ್ ‘ಅಪ್’ ಅನ್ನುತ್ತದೆ, ಹುಡುಗರ ಪಿಸಿಯಲ್ಲಿ ಮಾತ್ರ ಮೈನಸ್ 15 ಎರರ್: ಸರ್ವರ್ ಸಿಗುತ್ತಿಲ್ಲ ಅಂತ. ಆಮೇಲೆ ತಿಳಿಯಿತು: ಬಾಗಿಲು ಒಂದಲ್ಲ, ಎರಡು. 27000ರಲ್ಲಿ ಕೂತಿರುವುದು ಬರೀ ಕಾವಲುಗಾರ. ನಿಜವಾಗಿ ಲೈಸೆನ್ಸ್ ಕೊಡುವುದು ವೆಂಡರ್ ಡೀಮನ್ ಅನ್ನುವ ಇನ್ನೊಂದು ಪ್ರೋಗ್ರಾಂ; ಅದು ನಾವು ಹೇಳದಿದ್ದರೆ ಪ್ರತಿ ಸಲ ತನಗೆ ಸಿಕ್ಕಿದ ಪೋರ್ಟ್ ಹಿಡಿಯುತ್ತದೆ. ಲೈಸೆನ್ಸ್ ಫೈಲಿನಲ್ಲಿ ಡೀಮನ್ ಹೆಸರಿನ ಸಾಲಿನ ಕೊನೆಗೆ ಒಂದು ಪೋರ್ಟ್ ನಂಬರ್ ಬರೆದು, ಅದನ್ನೂ ಫೈರ್‌ವಾಲ್‌ನಲ್ಲಿ ತೆರೆದೆ. ಹತ್ತು ಸೆಕೆಂಡಿನಲ್ಲಿ ಕ್ಯಾಡ್ ತೆರೆಯಿತು.

ಇನ್ನೊಂದು ತಪ್ಪು ಪೂರಾ ನನ್ನದೇ. ಲೈಸೆನ್ಸ್ ಯಾವ ಪಿಸಿಗೆ ಅಂತ ಗುರುತಿಸುವ ಹೋಸ್ಟ್ ಐಡಿಗೆ ಯುಎಸ್‌ಬಿ ಲ್ಯಾನ್ ಅಡಾಪ್ಟರ್‌ನ ಮ್ಯಾಕ್ ವಿಳಾಸ (ನೆಟ್‌ವರ್ಕ್ ಕಾರ್ಡಿನ ನಂಬರ್) ಕೊಟ್ಟಿದ್ದೆ. ಯಾರೋ ಅದನ್ನು ಕಿತ್ತು ಲ್ಯಾಪ್‌ಟಾಪ್‌ಗೆ ಹಾಕಿಕೊಂಡರು, ಎಲ್ಲರ ಕೆಲಸ ನಿಂತಿತು. ಮದರ್‌ಬೋರ್ಡಿನಲ್ಲೇ ಇರುವ ಲ್ಯಾನ್‌ನ ವಿಳಾಸ ಕೊಟ್ಟು ಲೈಸೆನ್ಸ್ ಫೈಲನ್ನು ಹೊಸದಾಗಿ ಬರೆಸಿಕೊಂಡೆ.

ಕಳೆದ ವರ್ಷ ಸರ್ವರ್‌ನ ಗಡಿಯಾರ ನಡೆಸುವ ಸಿಎಂಒಎಸ್ ಸೆಲ್ ಸತ್ತು ತಾರೀಕು ಹಿಂದೆ ಹೋಯಿತು. ಹುಡುಗನೊಬ್ಬ ಸರಿ ಮಾಡಲು ಹೋಗಿ ಇಸವಿಯನ್ನು ಮುಂದಕ್ಕೆ ಹಾಕಿಬಿಟ್ಟ. ಮಾರನೇ ದಿನ ನಾನು ತಿದ್ದಿದೆ, ಮೈನಸ್ 88 ಬಂತು: ಗಡಿಯಾರ ಹಿಂದಕ್ಕೆ ತಿರುಗಿಸಿದ್ದೀರಿ ಅಂತ. ಮುಂದಿನ ಇಸವಿಯ ತಾರೀಕಿನ ಫೈಲುಗಳು ಡಿಸ್ಕಿನಲ್ಲಿ ಕೂತಿದ್ದವು, ಫ್ಲೆಕ್ಸ್‌ನೆಟ್ ಅವನ್ನು ನೋಡಿ ನಮ್ಮನ್ನೇ ಕಳ್ಳರು ಅಂದಿತು. ದುಡ್ಡು ಕೊಟ್ಟ ಮೇಲೆ ಹಾಗೆ ಅನ್ನಿಸಿಕೊಳ್ಳುವುದು ಬೇರೆ! ಆ ಫೈಲುಗಳನ್ನು ಹುಡುಕಿ ಅಳಿಸುವುದರಲ್ಲಿ ಅರ್ಧ ದಿನ ಹೋಯಿತು.

ಈಗ ಆಯುಧಪೂಜೆಗೆ ಮೆಷಿನ್‌ಗಳನ್ನು ತೊಳೆಯುವಾಗ ಸರ್ವರ್‌ನ ಮುಚ್ಚಳವನ್ನೂ ಬಿಚ್ಚುತ್ತೇವೆ. ಒಂದು ಹೊಸ ಸಿಆರ್2032 ಸೆಲ್ ಹಾಕಿ, ಆಮೇಲೆ ಕುಂಕುಮ.